ಸರಾಸರಿಯ ಸುತ್ತಣ ಚೆದರಿಕೆ

ಅನೇಕ ಸಂಖ್ಯೆಗಳ ಸಮೂಹವೊಂದನ್ನು ಒಂದೇ ಸಂಖ್ಯೆಯಿಂದ ಪ್ರತಿನಿಧಿಸುವ ಕಾರ್ಯವನ್ನು ಸರಾಸರಿಗೆ ಒಪ್ಪಿಸುವುದು ನಮಗೆಲ್ಲ ಅಭ್ಯಾಸವಾಗಿ ಹೋಗಿದೆ. ಮಳೆಯ ಸರಾಸರಿ, ಇಳುವರಿಯ ಸರಾಸರಿ, ಪರೀಕ್ಷೆಯ ಅಂಕಗಳ ಸರಾಸರಿ, ತಲಾ ಆದಾಯ ಎಂದು ವರದಿಗಳು ಒಂದೊಂದು ವಿಷಯಕ್ಕೂ ಒಂದೊಂದು ಸಂಖ್ಯೆಯನ್ನು ಕೊಟ್ಟು ಮುಂದೆ ಸಾಗುತ್ತವೆ. ಆದರೆ ಸರಾಸರಿಯು ಸಮೂಹವು ಎಲ್ಲಿ ನೆಲೆಸಿದೆ ಎಂಬುದನ್ನು ಮಾತ್ರ ಹೇಳಬಲ್ಲುದು. ಆ ನೆಲೆಯ ಸುತ್ತ ಸಂಖ್ಯೆಗಳು ಒತ್ತಾಗಿ ನಿಂತಿವೆಯೋ ದೂರದೂರಕ್ಕೆ ಚೆದರಿವೆಯೋ ಎಂಬ ಪ್ರಶ್ನೆಗೆ ಅದರಲ್ಲಿ ಉತ್ತರವಿಲ್ಲ. ಈ ಎರಡನೆಯ ಪ್ರಶ್ನೆಗೆ ಉತ್ತರವಾಗಿ ಹುಟ್ಟಿದವುಗಳೇ ಚೆದರಿಕೆಯ ಮಾನಗಳು. ಇವು ಸಂಖ್ಯಾಶಾಸ್ತ್ರದ ಮೊದಲ ಪಾಠಗಳಲ್ಲಿಯೇ ಬರುವುವಾದರೂ, ವಿದ್ಯಾರ್ಥಿಗಳು ಇವುಗಳ ಸೂತ್ರಗಳನ್ನು ಕಂಠಪಾಠ ಮಾಡುವಷ್ಟು ಸುಲಭವಾಗಿ ಇವುಗಳ ಅಭಿಪ್ರಾಯವನ್ನು ಗ್ರಹಿಸುವುದಿಲ್ಲವೆಂಬುದು ಬೋಧಕರೆಲ್ಲರ ಅನುಭವ. ಸೂತ್ರಗಳ ಹಿಂದಿರುವ ಕಾರಣಗಳನ್ನು ವಿಚಾರಿಸುವುದು ಈ ಲೇಖನದ ಉದ್ದೇಶ.

ಬೆಂಗಳೂರು ಮತ್ತು ದೆಹಲಿ ಈ ಎರಡು ನಗರಗಳ ವಾರ್ಷಿಕ ಸರಾಸರಿ ಉಷ್ಣತೆಗಳಲ್ಲಿ ಹೆಚ್ಚಿನ ಅಂತರವಿಲ್ಲ. ಒಂದು ಸುಮಾರು 24 ಡಿಗ್ರಿ ಸೆಲ್ಸಿಯಸ್, ಇನ್ನೊಂದು ಸುಮಾರು 25. ಈ ಎರಡು ಸಂಖ್ಯೆಗಳನ್ನು ಮಾತ್ರ ಬಲ್ಲವನು ಎರಡೂ ಊರುಗಳಿಗೆ ಒಂದೇ ಬಗೆಯ ಉಡುಪನ್ನು ಕಟ್ಟಿಕೊಂಡು ಹೊರಟಾನು. ಆದರೆ ದೆಹಲಿಯಲ್ಲಿ ಜನವರಿ ತಿಂಗಳ ಸರಾಸರಿ 14 ಡಿಗ್ರಿಯ ಸಮೀಪಕ್ಕೆ ಇಳಿದು, ಜೂನ್ ತಿಂಗಳದು 33 ಡಿಗ್ರಿಯ ಸಮೀಪಕ್ಕೆ ಏರುತ್ತದೆ. ಬೆಂಗಳೂರಿನಲ್ಲಿ ಅತಿ ತಂಪಾದ ತಿಂಗಳಿಗೂ ಅತಿ ಬಿಸಿಯಾದ ತಿಂಗಳಿಗೂ ಇರುವ ವ್ಯತ್ಯಾಸ ಏಳು ಡಿಗ್ರಿಯ ಆಸುಪಾಸಿನಲ್ಲಿದೆ. ಕಂಬಳಿ ಬೇಕೇ ಬೇಡವೇ ಎಂಬುದನ್ನು ನಿರ್ಧರಿಸುವುದು ಸರಾಸರಿಯಲ್ಲ, ಈ ವ್ಯತ್ಯಾಸ.

ಈಗ ನಾವು ಬಳಸಿದ ಮಾನ, ಅಂದರೆ ಗರಿಷ್ಠ ಬೆಲೆಯಿಂದ ಕನಿಷ್ಠ ಬೆಲೆಯನ್ನು ಕಳೆದು ಬಂದ ಶೇಷ, ವ್ಯಾಪ್ತಿ ಎನಿಸಿಕೊಳ್ಳುತ್ತದೆ. ಚೆದರಿಕೆಯ ಮಾನಗಳಲ್ಲಿ ಇದರಷ್ಟು ಸರಳವಾದುದು ಬೇರೊಂದಿಲ್ಲ. ಇದರ ದೋಷವೂ ಅಷ್ಟೇ ಸ್ಪಷ್ಟ. ಸಮೂಹದಲ್ಲಿ ಸಾವಿರ ಸಂಖ್ಯೆಗಳಿದ್ದರೂ ಇದು ಕೊನೆಯ ಎರಡನ್ನು ಮಾತ್ರ ವಿಚಾರಿಸುತ್ತದೆ. ಅಷ್ಟೇ ಅಲ್ಲದೆ, ಅಳತೆಗಳ ಸಂಖ್ಯೆ ಹೆಚ್ಚಿದಂತೆಲ್ಲ ವ್ಯಾಪ್ತಿಯೂ ತಾನಾಗಿಯೇ ಹಿಗ್ಗುತ್ತದೆ. ಮುಂದೆ ವಿವರಿಸಲಿರುವ ಮಾನಕ ವಿಚಲನೆಯನ್ನು ಏಕಮಾನವಾಗಿ ತೆಗೆದುಕೊಂಡರೆ, ಪ್ರಸಾಮಾನ್ಯ ವಿತರಣೆಯಿಂದ ಆರಿಸಿದ 5 ಅಳತೆಗಳ ವ್ಯಾಪ್ತಿ ಸರಾಸರಿಯಾಗಿ 2.33 ಏಕಮಾನ, 10 ಅಳತೆಗಳದು 3.08, 100 ಅಳತೆಗಳದು 5ಕ್ಕೆ ತುಸು ಮೇಲು, 1000 ಅಳತೆಗಳದು ಸುಮಾರು 6.5. ಮೂಲ ವಿತರಣೆಯ ಚೆದರಿಕೆಯಲ್ಲಿ ಕಿಂಚಿತ್ತೂ ಬದಲಾವಣೆಯಾಗಿಲ್ಲ; ಬದಲಾದುದು ನಾವು ಎಷ್ಟು ಬಾರಿ ಅಳೆದೆವು ಎಂಬುದು ಮಾತ್ರ. ಆದಕಾರಣ, 20 ವರ್ಷಗಳ ದಾಖಲೆಯುಳ್ಳ ಮಳೆಮಾಪನ ಕೇಂದ್ರದ ವ್ಯಾಪ್ತಿಯನ್ನು 100 ವರ್ಷಗಳ ದಾಖಲೆಯುಳ್ಳ ಕೇಂದ್ರದ ವ್ಯಾಪ್ತಿಯೊಡನೆ ಹೋಲಿಸುವುದು ನ್ಯಾಯವಲ್ಲ. ಆದಾಗ್ಯೂ ಸಮಾನ ಗಾತ್ರದ ಚಿಕ್ಕ ಚಿಕ್ಕ ಮಾದರಿಗಳನ್ನು ಮತ್ತೆ ಮತ್ತೆ ತೆಗೆಯುವಲ್ಲಿ ವ್ಯಾಪ್ತಿಯು ಚೆನ್ನಾಗಿ ಕೆಲಸ ಮಾಡುತ್ತದೆ. ಅಮೆರಿಕದ ವಾಲ್ಟರ್ ಶೂಹಾರ್ಟ್ 1924ರಲ್ಲಿ ರೂಪಿಸಿದ ಗುಣನಿಯಂತ್ರಣ ನಕ್ಷೆಗಳ ಪರಂಪರೆಯಲ್ಲಿ, ಕಾರ್ಖಾನೆಯ ಕೆಲಸಗಾರನು ನಾಲ್ಕೈದು ವಸ್ತುಗಳನ್ನು ಅಳೆದು ವ್ಯಾಪ್ತಿಯನ್ನು ಗುರುತಿಸುವ ಪದ್ಧತಿ ಇಂದಿಗೂ ಉಳಿದಿದೆ.

ಅಂಚಿನ ಸಂಖ್ಯೆಗಳ ಕಾಟದಿಂದ ಪಾರಾಗುವ ಒಂದು ಉಪಾಯವೆಂದರೆ ಅಂಚುಗಳನ್ನು ಬಿಟ್ಟು ನಡುಭಾಗವನ್ನು ಅಳೆಯುವುದು. ಸಂಖ್ಯೆಗಳನ್ನು ಏರಿಕೆಯ ಕ್ರಮದಲ್ಲಿ ಜೋಡಿಸಿ, ಕೆಳಗಿನಿಂದ ಕಾಲುಭಾಗ ಮುಗಿಯುವಲ್ಲಿ ಒಂದು ಗುರುತನ್ನೂ, ಮುಕ್ಕಾಲು ಭಾಗ ಮುಗಿಯುವಲ್ಲಿ ಇನ್ನೊಂದು ಗುರುತನ್ನೂ ಹಾಕಿದರೆ, ಅವೇ ಕೆಳ ಚತುರ್ಥಕ ಮತ್ತು ಮೇಲಿನ ಚತುರ್ಥಕ. ನಡುವೆ ಅರ್ಧಭಾಗ ಮುಗಿಯುವ ಸ್ಥಾನ ಮಧ್ಯಾಂಕ. ಈ ಮಾನಗಳನ್ನು ಪ್ರಚಾರಕ್ಕೆ ತಂದವರಲ್ಲಿ ಮುಖ್ಯನಾದವನು ಇಂಗ್ಲೆಂಡಿನ ಫ್ರಾನ್ಸಿಸ್ ಗಾಲ್ಟನ್. ಅವನು 1907ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಪ್ರಕಟಿಸಿದ ಒಂದು ಚಿಕ್ಕ ಲೇಖನ ಇಲ್ಲಿ ವಿಸ್ತಾರವಾಗಿ ನೋಡತಕ್ಕದ್ದಾಗಿದೆ.

ಪ್ಲಿಮತ್ ಎಂಬ ಊರಿನಲ್ಲಿ 1906ರಲ್ಲಿ ನಡೆದ ದನಗಳ ಪ್ರದರ್ಶನದಲ್ಲಿ ಒಂದು ಸ್ಪರ್ಧೆ ಏರ್ಪಟ್ಟಿತ್ತು. ಕೊಬ್ಬಿದ ಎತ್ತೊಂದನ್ನು ಜನರ ಮುಂದೆ ನಿಲ್ಲಿಸಿ, ಅದನ್ನು ಕಡಿದು ಹಸನುಮಾಡಿದ ಮೇಲೆ ಎಷ್ಟು ತೂಗುವುದೆಂದು ಊಹಿಸಿ ಬರೆಯಬೇಕೆಂದು ಕೇಳಲಾಯಿತು. ಆರು ಪೆನ್ನಿ ಕೊಟ್ಟು ಚೀಟಿ ಕೊಂಡವರು ಸುಮಾರು 800 ಮಂದಿ. ಓದಲಾಗದ ಮತ್ತು ದೋಷಯುಕ್ತವಾದ 13 ಚೀಟಿಗಳನ್ನು ತೆಗೆದುಹಾಕಿ, ಉಳಿದ 787 ಊಹೆಗಳನ್ನು ಗಾಲ್ಟನ್ ಕ್ರಮವಾಗಿ ಜೋಡಿಸಿದ. ಮಧ್ಯಾಂಕ 1207 ಪೌಂಡು ಬಂದಿತು. ಅವನು ಕೊಟ್ಟಿರುವ ನಿಜವಾದ ತೂಕ 1198 ಪೌಂಡು, ಎಂದರೆ ಸುಮಾರು 543 ಕಿಲೋಗ್ರಾಂ. ಜನಸಮೂಹದ ಊಹೆ ನೂರಕ್ಕೆ ಒಂದು ಪಾಲಿನಷ್ಟೂ ತಪ್ಪಿರಲಿಲ್ಲ. ಈ ಕಥೆಯನ್ನು ಹೇಳುವವರು ಸಾಮಾನ್ಯವಾಗಿ ಇಲ್ಲಿಗೇ ನಿಲ್ಲಿಸಿ ಜನಸಮೂಹದ ವಿವೇಕವನ್ನು ಕೊಂಡಾಡುತ್ತಾರೆ. ಆದರೆ ಗಾಲ್ಟನ್ ಅಲ್ಲಿಗೆ ನಿಲ್ಲಿಸಲಿಲ್ಲ. ಅವನು ಪ್ರಕಟಿಸಿದ ಕೋಷ್ಟಕದ ಬಹುಭಾಗ ಚೆದರಿಕೆಗೆ ಸಂಬಂಧಪಟ್ಟುದು, ಮತ್ತು ನಮ್ಮ ದೃಷ್ಟಿಯಲ್ಲಿ ಅದೇ ಹೆಚ್ಚು ಸ್ವಾರಸ್ಯಕರ.

ಆ ಕೋಷ್ಟಕದಂತೆ ಕೆಳ ಚತುರ್ಥಕ 1162 ಪೌಂಡು, ಮೇಲಿನ ಚತುರ್ಥಕ 1236 ಪೌಂಡು. ಇವೆರಡರ ಅಂತರ 74. ಅದರ ಅರ್ಧ 37. ಊಹಿಸಿದವರಲ್ಲಿ ಅರ್ಧದಷ್ಟು ಮಂದಿ ಈ 74 ಪೌಂಡುಗಳ ಒಳಗೆ ಇದ್ದರು. ಉಳಿದ ಅರ್ಧದಷ್ಟು ಮಂದಿ ಹೊರಗೆ. ಎಂದರೆ, ಆ ಗುಂಪಿನಿಂದ ಯಾರಾದರೊಬ್ಬನನ್ನು ಕಣ್ಣುಮುಚ್ಚಿ ಆರಿಸಿದರೆ, ಅವನ ಊಹೆ ಮಧ್ಯಾಂಕದಿಂದ ಸ್ಥೂಲವಾಗಿ 37 ಪೌಂಡಿಗಿಂತ, ಅಂದರೆ ನೂರಕ್ಕೆ ಮೂರಕ್ಕಿಂತ, ಹೆಚ್ಚು ದೂರವಿರುವುದಕ್ಕೂ ಕಡಿಮೆ ದೂರವಿರುವುದಕ್ಕೂ ಸಮಸಮ ಸಂಭವವುಂಟು. ಸಮೂಹದ ನಿಖರತೆ ಬೇರೆ, ಸಮೂಹದಲ್ಲಿರುವ ಒಬ್ಬನ ನಿಖರತೆ ಬೇರೆ. ಮೊದಲನೆಯದನ್ನು ಮಧ್ಯಾಂಕ ಹೇಳಿತು. ಎರಡನೆಯದನ್ನು ಹೇಳಲು ಚತುರ್ಥಕಗಳು ಬೇಕಾದುವು.

ಇನ್ನೂ ಒಂದು ವಿಷಯವನ್ನು ಈ ಸಂಖ್ಯೆಗಳಿಂದ ಹೊರಗೆಳೆಯಬಹುದು. ಮಧ್ಯಾಂಕದಿಂದ ಕೆಳ ಚತುರ್ಥಕಕ್ಕೆ ಇರುವ ದೂರ 45 ಪೌಂಡು. ಮೇಲಿನ ಚತುರ್ಥಕಕ್ಕೆ ಇರುವ ದೂರ 29 ಮಾತ್ರ. ಚೆದರಿಕೆ ಎರಡು ಪಕ್ಕಗಳಲ್ಲಿಯೂ ಸಮನಾಗಿಲ್ಲ. ಕಡಿಮೆಯಾಗಿ ಊಹಿಸಿದವರು ಹೆಚ್ಚಾಗಿ ಊಹಿಸಿದವರಿಗಿಂತ ದೂರಕ್ಕೆ ಹರಡಿಕೊಂಡಿದ್ದಾರೆ. ವಿತರಣೆಯು ಪ್ರಸಾಮಾನ್ಯವಾಗಿದ್ದು ಅದರ ಅರ್ಧ ಚತುರ್ಥಕಾಂತರ 37 ಆಗಿದ್ದಿದ್ದರೆ, ನೂರಕ್ಕೆ ಐದು ಊಹೆಗಳು ಸುಮಾರು 1117 ಪೌಂಡಿಗಿಂತ ಕೆಳಗೂ, ಇನ್ನೈದು ಸುಮಾರು 1297 ಪೌಂಡಿಗಿಂತ ಮೇಲೂ ಇರಬೇಕಾಗಿತ್ತು. ಗಾಲ್ಟನ್ನನ ಕೋಷ್ಟಕದಲ್ಲಿ ಈ ಸ್ಥಾನಗಳು ಕ್ರಮವಾಗಿ 1074 ಮತ್ತು 1293. ಮೇಲಿನ ತುದಿ ನಿರೀಕ್ಷೆಗೆ ಹೊಂದಿಕೊಂಡಿದೆ. ಕೆಳಗಿನ ಬಾಲವು ಮಾತ್ರ ನಿರೀಕ್ಷೆಗಿಂತ 43 ಪೌಂಡು ಉದ್ದವಾಗಿದೆ. ಈ ಬಾಲದ ಸೆಳೆತವು ಇನ್ನೊಂದೆಡೆಯೂ ಕಾಣಿಸಿಕೊಳ್ಳುತ್ತದೆ: ಮುಂದೆ ಓದುಗರೊಬ್ಬರ ಪ್ರಶ್ನೆಗೆ ಉತ್ತರವಾಗಿ ಗಾಲ್ಟನ್ ತಿಳಿಸಿದಂತೆ, ಅದೇ ಊಹೆಗಳ ಸರಾಸರಿ 1197 ಪೌಂಡು, ಮಧ್ಯಾಂಕಕ್ಕಿಂತ ಹತ್ತು ಕಡಿಮೆ. ಚೆದರಿಕೆಯನ್ನು ಒಂದೇ ಸಂಖ್ಯೆಯಲ್ಲಿ ಅಡಕಗೊಳಿಸುವ ಯಾವ ಮಾನವೂ ಈ ಓರೆತನವನ್ನು ತೋರಿಸಲಾರದು. ಮೂರು ಚತುರ್ಥಕಗಳನ್ನೂ ಬಿಡಿಬಿಡಿಯಾಗಿ ಮುದ್ರಿಸಿದ್ದರಿಂದಲೇ ಒಂದು ಶತಮಾನಕ್ಕೂ ಮಿಕ್ಕ ಕಾಲದ ತರುವಾಯ ನಾವು ಇದನ್ನು ಗಮನಿಸುವುದು ಸಾಧ್ಯವಾಯಿತು.

ಚತುರ್ಥಕಗಳು ಸಂಖ್ಯೆಗಳ ಸ್ಥಾನವನ್ನು ನೋಡುತ್ತವೆ, ಪ್ರಮಾಣವನ್ನಲ್ಲ. ಅತ್ಯಂತ ಕೆಳಗಿನ ಊಹೆ 1000 ಪೌಂಡಾಗಿರಲಿ 100 ಪೌಂಡಾಗಿರಲಿ, ಅವು ಅಲುಗುವುದಿಲ್ಲ. ಇದು ಕೆಲವೆಡೆ ಗುಣ, ಕೆಲವೆಡೆ ಅವಗುಣ. ಪ್ರತಿಯೊಂದು ಸಂಖ್ಯೆಯೂ ತನ್ನ ಪ್ರಮಾಣಕ್ಕೆ ತಕ್ಕಂತೆ ಲೆಕ್ಕಕ್ಕೆ ಬರಬೇಕೆಂದರೆ, ಸರಾಸರಿಯಿಂದ ಪ್ರತಿಯೊಂದರ ದೂರವನ್ನೂ, ಅಂದರೆ ವಿಚಲನೆಯನ್ನೂ, ಕಂಡುಹಿಡಿಯಬೇಕು.

ಕಾಲ್ಪನಿಕವಾದ ಒಂದು ಉದಾಹರಣೆಯನ್ನು ಇಟ್ಟುಕೊಳ್ಳೋಣ. ಮೊದಲನೆಯ ಊರಿನಲ್ಲಿ ಐದು ವರ್ಷಗಳ ಮಳೆ 58, 60, 62, 59, 61 ಸೆಂಟಿಮೀಟರು. ಎರಡನೆಯ ಊರಿನಲ್ಲಿ 30, 90, 45, 75, 60. ಎರಡರ ಸರಾಸರಿಯೂ 60. ಬಿತ್ತಿದ ಬೆಳೆ ಕೈಗೆ ಬರಬೇಕಾದರೆ 50 ಸೆಂಟಿಮೀಟರು ಮಳೆ ಬೇಕೆಂದು ಭಾವಿಸಿದರೆ, ಮೊದಲನೆಯ ಊರಿನ ಒಕ್ಕಲಿಗನಿಗೆ ಐದು ವರ್ಷಗಳಲ್ಲಿ ಒಮ್ಮೆಯೂ ಬೆಳೆ ತಪ್ಪುವುದಿಲ್ಲ. ಎರಡನೆಯ ಊರಿನವನಿಗೆ ಎರಡು ವರ್ಷ ತಪ್ಪುತ್ತದೆ. ಮೂರನೆಯ ವರ್ಷದ ಬಿತ್ತನೆಯ ಬೀಜಕ್ಕೆ ಅವನು ಸಾಲ ಮಾಡಬೇಕಾದ ಸಂದರ್ಭವನ್ನು ಸರಾಸರಿಯ ಕೋಷ್ಟಕದಲ್ಲಿ ಹುಡುಕಿದರೆ ಸಿಕ್ಕುವುದಿಲ್ಲ.

ಈ ಭೇದವನ್ನು ಸಂಖ್ಯೆಯಲ್ಲಿ ಹೇಳುವುದು ಹೇಗೆ? ಮೊದಲನೆಯ ಊರಿನ ವಿಚಲನೆಗಳು −2, 0, 2, −1, 1. ಎರಡನೆಯದರವು −30, 30, −15, 15, 0. ಇವುಗಳನ್ನು ಹಾಗೆಯೇ ಕೂಡಿದರೆ ಎರಡು ಕಡೆಯೂ ಸೊನ್ನೆ ಬರುತ್ತದೆ. ಇದು ಈ ಉದಾಹರಣೆಯ ವಿಶೇಷವಲ್ಲ. ಸರಾಸರಿಯ ಲಕ್ಷಣವೇ ಅದು. ಆದುದರಿಂದ ಋಣಚಿಹ್ನೆಯನ್ನು ಹೇಗಾದರೂ ನಿವಾರಿಸಬೇಕು. ಚಿಹ್ನೆಯನ್ನು ಅಲಕ್ಷಿಸಿ ದೂರಗಳನ್ನು ಮಾತ್ರ ಕೂಡಿ ಸರಾಸರಿ ತೆಗೆದರೆ, ಮೊದಲನೆಯದಕ್ಕೆ 1.2, ಎರಡನೆಯದಕ್ಕೆ 18 ಬರುತ್ತದೆ. ಇದು ಸರಾಸರಿ ವಿಚಲನೆ. ಹಾಗಲ್ಲದೆ ವಿಚಲನೆಗಳ ವರ್ಗಗಳನ್ನು ಕೂಡಿ ಐದರಿಂದ ಭಾಗಿಸಿದರೆ ಕ್ರಮವಾಗಿ 2 ಮತ್ತು 450 ಬರುತ್ತವೆ. ಈ ವರ್ಗಗಳ ಸರಾಸರಿಗೆ ರೊನಾಲ್ಡ್ ಫಿಶರ್ 1918ರಲ್ಲಿ ‘ವೇರಿಯನ್ಸ್’ ಎಂದು ಹೆಸರಿಟ್ಟ. ನಾವು ಇದನ್ನು ವರ್ಗಮಾಧ್ಯ ಎಂದು ಕರೆಯೋಣ. ಇದರ ವರ್ಗಮೂಲ, ಅಂದರೆ 1.41 ಮತ್ತು 21.2, ಮಾನಕ ವಿಚಲನೆ. ಈ ಹೆಸರು ಅದಕ್ಕಿಂತ ಹಳೆಯದು. ಕಾರ್ಲ್ ಪಿಯರ್ಸನ್ ಅದನ್ನು 1893ರಲ್ಲಿ ಉಪನ್ಯಾಸದಲ್ಲಿ ಬಳಸಿ, ಮರುವರ್ಷ ಮುದ್ರಣಕ್ಕೆ ತಂದ. ವರ್ಗಮೂಲ ತೆಗೆಯುವುದು ಏಕಮಾನವನ್ನು ಸರಿಪಡಿಸುವುದಕ್ಕೆ: ವರ್ಗಮಾಧ್ಯ ಚದರ ಸೆಂಟಿಮೀಟರುಗಳಲ್ಲಿದ್ದರೆ, ಮಾನಕ ವಿಚಲನೆ ಮಳೆಯಂತೆಯೇ ಸೆಂಟಿಮೀಟರುಗಳಲ್ಲಿದೆ.

ವರ್ಗಗಳನ್ನು ತೆಗೆದುಕೊಳ್ಳುವುದೇಕೆ ಎಂದು ಕೇಳಿದರೆ, ಋಣಚಿಹ್ನೆಯನ್ನು ಹೋಗಲಾಡಿಸುವುದಕ್ಕೆ ಎಂಬ ಉತ್ತರ ಅನೇಕ ಪಾಠಪುಸ್ತಕಗಳಲ್ಲಿದೆ. ಈ ಉತ್ತರ ಸಾಲದು. ಚಿಹ್ನೆಯನ್ನು ಅಲಕ್ಷಿಸಿದರೂ ಅದೇ ಕಾರ್ಯ ಇನ್ನೂ ಸುಲಭವಾಗಿ ನೆರವೇರುತ್ತದಷ್ಟೆ! ನಿಜವಾದ ಕಾರಣ ಬೇರೆಡೆ ಇದೆ. ಒಂದಕ್ಕೊಂದು ಸಂಬಂಧವಿಲ್ಲದೆ ಏರಿಳಿಯುವ ಎರಡು ಪರಿಮಾಣಗಳನ್ನು ಕೂಡಿದಾಗ, ಮೊತ್ತದ ವರ್ಗಮಾಧ್ಯವು ಬಿಡಿ ವರ್ಗಮಾಧ್ಯಗಳ ಮೊತ್ತಕ್ಕೆ ಸರಿಯಾಗಿರುತ್ತದೆ. ಒಂದರ ಮಾನಕ ವಿಚಲನೆ 3, ಇನ್ನೊಂದರದು 4 ಆದರೆ, ಮೊತ್ತದ ಮಾನಕ ವಿಚಲನೆ 7 ಅಲ್ಲ, 5. ಲಂಬಕೋನ ತ್ರಿಭುಜದ ಭುಜಗಳಿಗೂ ಕರ್ಣಕ್ಕೂ ಇರುವ ಸಂಬಂಧವೇ ಇಲ್ಲಿಯೂ ಕಾಣಬರುತ್ತದೆ. ಸರಾಸರಿ ವಿಚಲನೆಗೆ ಇಂಥ ಸರಳ ನಿಯಮವಿಲ್ಲ. ಈ ಒಂದು ಗುಣದ ಬಲದಿಂದಲೇ ವರ್ಗಮಾಧ್ಯವನ್ನು ಭಾಗಭಾಗವಾಗಿ ವಿಂಗಡಿಸಿ, ಇಳುವರಿಯ ಏರುಪೇರಿನಲ್ಲಿ ಗೊಬ್ಬರದ ಪಾಲೆಷ್ಟು, ಮಣ್ಣಿನ ಪಾಲೆಷ್ಟು ಎಂದು ಹೇಳುವುದು ಸಾಧ್ಯವಾಗಿದೆ.

ಸರಾಸರಿಗೂ ವರ್ಗಗಳಿಗೂ ಇನ್ನೊಂದು ನಂಟು ಉಂಟು. ಯಾವ ಸಂಖ್ಯೆಯಿಂದ ಅಳೆದರೆ ವಿಚಲನೆಗಳ ವರ್ಗಗಳ ಮೊತ್ತವು ಕನಿಷ್ಠವಾಗುವುದೋ ಆ ಸಂಖ್ಯೆಯೇ ಸರಾಸರಿ. ಯಾವುದರಿಂದ ಅಳೆದರೆ ದೂರಗಳ ಮೊತ್ತ ಕನಿಷ್ಠವಾಗುವುದೋ ಅದು ಮಧ್ಯಾಂಕ. ಆದುದರಿಂದ ಕೇಂದ್ರದ ಮಾನವನ್ನು ಆರಿಸಿದವನು, ತಿಳಿದೋ ತಿಳಿಯದೆಯೋ, ಚೆದರಿಕೆಯ ಮಾನವನ್ನೂ ಆರಿಸಿದಂತಾಯಿತು.

ಮೇಲಿನ ಸಂಗತಿಯಿಂದಲೇ ವಿದ್ಯಾರ್ಥಿಗಳನ್ನು ಬಹುವಾಗಿ ಕಾಡುವ ಇನ್ನೊಂದು ಪ್ರಶ್ನೆಗೆ ದಾರಿ ತೆರೆಯುತ್ತದೆ. ಮಾದರಿಯಿಂದ ವರ್ಗಮಾಧ್ಯವನ್ನು ಅಂದಾಜು ಮಾಡುವಾಗ, ಅಳತೆಗಳ ಸಂಖ್ಯೆಯಿಂದ ಭಾಗಿಸದೆ, ಅದಕ್ಕಿಂತ ಒಂದು ಕಡಿಮೆಯಾದ ಸಂಖ್ಯೆಯಿಂದ ಭಾಗಿಸುವುದೇಕೆ? ನಮಗೆ ಬೇಕಾದುದು ಸಮಷ್ಟಿಯ ನಿಜವಾದ ಸರಾಸರಿಯಿಂದ ವಿಚಲನೆ. ನಮ್ಮಲ್ಲಿರುವುದು ಮಾದರಿಯದೇ ಆದ ಸರಾಸರಿ. ವರ್ಗಗಳ ಮೊತ್ತವು ಮಾದರಿಯ ಸರಾಸರಿಯಿಂದ ಅಳೆದಾಗಲೇ ಕನಿಷ್ಠವಾಗುವುದರಿಂದ, ನಾವು ಪಡೆಯುವ ಮೊತ್ತವು ನಿಜವಾದ ಕೇಂದ್ರದಿಂದ ಅಳೆದ ಮೊತ್ತಕ್ಕಿಂತ ಎಂದಿಗೂ ಹೆಚ್ಚಾಗಲಾರದು, ಸಾಮಾನ್ಯವಾಗಿ ಕಡಿಮೆಯೇ ಆಗುವುದು. ಭಾಜಕವನ್ನು ಒಂದರಷ್ಟು ತಗ್ಗಿಸುವುದು ಈ ಕೊರತೆಯನ್ನು ತುಂಬುವುದಕ್ಕೆ. ಒಂದೇ ಏಕೆ ಎಂಬುದನ್ನು ಅತ್ಯಲ್ಪವಾದ ಲೆಕ್ಕದಿಂದ ಪರೀಕ್ಷಿಸಬಹುದು. ಸಮಷ್ಟಿಯಲ್ಲಿ 0 ಮತ್ತು 2 ಎಂಬ ಎರಡೇ ಬೆಲೆಗಳು ಸಮಸಂಭವದಿಂದ ಇವೆಯೆಂದು ಇಟ್ಟುಕೊಳ್ಳೋಣ. ಅದರ ಸರಾಸರಿ 1, ವರ್ಗಮಾಧ್ಯ 1. ಇದರಿಂದ ಎರಡೆರಡು ಬೆಲೆಗಳ ಮಾದರಿಗಳನ್ನು ತೆಗೆದರೆ ನಾಲ್ಕು ಬಗೆಗಳುಂಟು: 0 ಮತ್ತು 0, 0 ಮತ್ತು 2, 2 ಮತ್ತು 0, 2 ಮತ್ತು 2. ತಮ್ಮ ತಮ್ಮ ಸರಾಸರಿಯಿಂದ ವರ್ಗಗಳ ಮೊತ್ತ ಕ್ರಮವಾಗಿ 0, 2, 2, 0. ಇವನ್ನು ಎರಡರಿಂದ ಭಾಗಿಸಿದರೆ ನಾಲ್ಕು ಅಂದಾಜುಗಳ ಸರಾಸರಿ ಅರ್ಧ. ನಿಜವಾದ ಬೆಲೆಯ ಅರ್ಧದಷ್ಟೇ. ಒಂದರಿಂದ ಭಾಗಿಸಿದರೆ 0, 2, 2, 0ಗಳ ಸರಾಸರಿ 1, ಸರಿಯಾದ ಬೆಲೆ. ಆದರೆ ಇಲ್ಲಿ ಒಂದು ಸೂಕ್ಷ್ಮವಿದೆ. ಹೀಗೆ ಸರಿಪಡಿಸಿದುದು ವರ್ಗಮಾಧ್ಯವನ್ನು ಮಾತ್ರ. ಅವುಗಳ ವರ್ಗಮೂಲಗಳಾದ 0, 1.41, 1.41, 0ಗಳ ಸರಾಸರಿ 0.71 ಆಗುವುದರಿಂದ, ಮಾನಕ ವಿಚಲನೆಯು ಇನ್ನೂ ಕಡಿಮೆಯಾಗಿಯೇ ಅಂದಾಜಾಗುತ್ತದೆ. ಅಳತೆಗಳು ಹೆಚ್ಚಿದಂತೆ ಈ ಕೊರತೆ ನಗಣ್ಯವಾಗುವುದರಿಂದ ಯಾರೂ ಇದರ ಗೋಜಿಗೆ ಹೋಗುವುದಿಲ್ಲ.

ಮಾನಕ ವಿಚಲನೆ ಮತ್ತು ಸರಾಸರಿ ವಿಚಲನೆ ಇವೆರಡರಲ್ಲಿ ಯಾವುದು ಮೇಲೆಂಬ ವಿವಾದ ಒಂದು ಕಾಲದಲ್ಲಿ ಖಗೋಳಶಾಸ್ತ್ರಜ್ಞರಿಗೂ ಸಂಖ್ಯಾಶಾಸ್ತ್ರಜ್ಞರಿಗೂ ನಡುವೆ ನಡೆಯಿತು. ಆರ್ಥರ್ ಎಡಿಂಗ್ಟನ್ 1914ರಲ್ಲಿ ನಕ್ಷತ್ರಗಳ ಚಲನೆಯನ್ನು ಕುರಿತ ತನ್ನ ಗ್ರಂಥದಲ್ಲಿ, ಪಾಠಪುಸ್ತಕಗಳ ಉಪದೇಶಕ್ಕೆ ವಿರುದ್ಧವಾಗಿ, ಸರಾಸರಿ ವಿಚಲನೆಯೇ ಉತ್ತಮವೆಂದು ಅಭಿಪ್ರಾಯಪಟ್ಟ. ಫಿಶರ್ 1920ರಲ್ಲಿ ಇದಕ್ಕೆ ಉತ್ತರ ಕೊಟ್ಟ. ದೋಷಗಳು ನಿಷ್ಕೃಷ್ಟವಾಗಿ ಪ್ರಸಾಮಾನ್ಯ ವಿತರಣೆಯನ್ನು ಅನುಸರಿಸಿದರೆ, 100 ಅಳತೆಗಳ ಮಾನಕ ವಿಚಲನೆಯಿಂದ ದೊರೆಯುವಷ್ಟು ನಿಖರತೆಯನ್ನು ಸರಾಸರಿ ವಿಚಲನೆಯಿಂದ ಪಡೆಯಲು 114 ಅಳತೆಗಳು ಬೇಕು. ಈ ಪ್ರಮಾಣವನ್ನು ಗೌಸ್ 1816ರಲ್ಲಿಯೇ ಲೆಕ್ಕ ಹಾಕಿದ್ದ. ವೃತ್ತದ ಪರಿಧಿಗೂ ವ್ಯಾಸಕ್ಕೂ ಇರುವ ಪ್ರಮಾಣದಿಂದ ಎರಡನ್ನು ಕಳೆದರೆ ಬರುವ 1.14 ಎಂಬ ಸಂಖ್ಯೆಯೇ ಅದು. ಫಿಶರ್ ಇನ್ನೂ ಮುಂದೆ ಹೋಗಿ, ಅಂಥ ವಿತರಣೆಯಲ್ಲಿ ಚೆದರಿಕೆಯ ವಿಷಯವಾಗಿ ಮಾದರಿಯು ಹೇಳಬಲ್ಲುದೆಲ್ಲವೂ ಮಾನಕ ವಿಚಲನೆಯಲ್ಲಿ ಅಡಗಿದೆಯೆಂದು ತೋರಿಸಿದ. ಗಣಿತದ ಮಟ್ಟಿಗೆ ಇದು ನಿರ್ವಿವಾದ. ವಾದ ಮುಗಿಯಿತೆಂದು ಎಲ್ಲರೂ ಭಾವಿಸಿದರು.

ನಲವತ್ತು ವರ್ಷಗಳ ತರುವಾಯ, 1960ರಲ್ಲಿ, ಅಮೆರಿಕದ ಜಾನ್ ಟ್ಯೂಕಿ ಪ್ರಶ್ನೆಯನ್ನು ಬೇರೊಂದು ಬಗೆಯಲ್ಲಿ ಕೇಳಿದ. ದೋಷಗಳು ನಿಷ್ಕೃಷ್ಟವಾಗಿ ಪ್ರಸಾಮಾನ್ಯವಾಗಿಲ್ಲದಿದ್ದರೆ? ಬಹುಪಾಲು ಅಳತೆಗಳು ಒಂದು ಪ್ರಸಾಮಾನ್ಯ ವಿತರಣೆಯಿಂದಲೂ, ಕೆಲವೇ ಕೆಲವು ಅದರ ಮೂರರಷ್ಟು ಮಾನಕ ವಿಚಲನೆಯುಳ್ಳ ಇನ್ನೊಂದರಿಂದಲೂ ಬಂದಿದ್ದರೆ? ಇಂಥ ಕಲಬೆರಕೆ ಸಾವಿರಕ್ಕೆ ಎರಡರಷ್ಟಿದ್ದರೂ ಸಾಕು, ಮಾನಕ ವಿಚಲನೆಯ ಮೇಲುಗೈ ಅಳಿಸಿಹೋಗುತ್ತದೆ. ನೂರಕ್ಕೆ ಐದರಷ್ಟಾದರೆ ಸರಾಸರಿ ವಿಚಲನೆಯ ದಕ್ಷತೆ ಎರಡರಷ್ಟಾಗುತ್ತದೆ. ಕಾರಣವನ್ನು ಊಹಿಸುವುದು ಕಷ್ಟವಲ್ಲ. ಹತ್ತರಷ್ಟು ದೂರವಿರುವ ಒಂದು ಸಂಖ್ಯೆಯನ್ನು ವರ್ಗ ಮಾಡಿದರೆ ಅದು ನೂರು ಮಂದಿಯ ಸದ್ದು ಮಾಡುತ್ತದೆ. ಸಾವಿರ ಅಳತೆಗಳಲ್ಲಿ ಎರಡನ್ನು ತಪ್ಪಾಗಿ ಬರೆದುಕೊಳ್ಳದ ವೀಕ್ಷಣಾಲಯವಾಗಲಿ ಪ್ರಯೋಗಶಾಲೆಯಾಗಲಿ ಇರುವುದು ಅಪೂರ್ವ. ಹೀಗಾಗಿ ದೂರದರ್ಶಕದ ಮುಂದೆ ಕುಳಿತು ಅನುಭವ ಪಡೆದಿದ್ದ ಎಡಿಂಗ್ಟನ್ನನ ಮಾತಿನಲ್ಲಿ ಹುರುಳಿಲ್ಲದಿರಲಿಲ್ಲ. ಫಿಶರನ ಪ್ರಮೇಯವೂ ಸುಳ್ಳಾಗಲಿಲ್ಲ. ಅದರ ಷರತ್ತು ಎಷ್ಟು ಕಠಿನವೆಂಬುದು ಗೊತ್ತಾಯಿತು. ಇಂದು ಕಲಬೆರಕೆಯ ಸಂದೇಹವಿರುವಲ್ಲಿ ಚತುರ್ಥಕಾಂತರವನ್ನಾಗಲಿ, ಮಧ್ಯಾಂಕದಿಂದ ಅಳೆದ ದೂರಗಳ ಮಧ್ಯಾಂಕವನ್ನಾಗಲಿ ಬಳಸುವ ಪದ್ಧತಿ ಬೆಳೆದಿರುವುದು ಈ ವಿಚಾರಸರಣಿಯಿಂದಲೇ. ಆದರೆ ದೂರದ ಸಂಖ್ಯೆ ಬರಹದ ತಪ್ಪಿನಿಂದ ಬಂದುದೋ ನಿಸರ್ಗದಿಂದಲೇ ಬಂದುದೋ ಎಂಬ ವಿವೇಚನೆಯನ್ನು ಯಾವ ಮಾನವೂ ನಮಗಾಗಿ ಮಾಡಿಕೊಡುವುದಿಲ್ಲ. ಬರದ ವರ್ಷದ ಮಳೆಯನ್ನು ಅಪವಾದವೆಂದು ಬದಿಗಿಡುವ ಮಾನವು ನೀರಾವರಿ ಯೋಜಕನಿಗೆ ಯಾವ ಉಪಯೋಗಕ್ಕೂ ಬಾರದು.

ಮಳೆಯ ಪ್ರಸ್ತಾಪ ಬಂದುದರಿಂದ ಸಾಪೇಕ್ಷ ಚೆದರಿಕೆಯನ್ನು ಕುರಿತು ಎರಡು ಮಾತು. ಆಗುಂಬೆಯಂಥ ಸ್ಥಳದಲ್ಲಿ 20 ಸೆಂಟಿಮೀಟರಿನ ಏರುಪೇರನ್ನು ಯಾರೂ ಗಮನಿಸರು. ಚಳ್ಳಕೆರೆಯ ಸೀಮೆಯಲ್ಲಿ ಅದು ಬದುಕನ್ನೇ ಬದಲಾಯಿಸೀತು. ಆದಕಾರಣ ಮಾನಕ ವಿಚಲನೆಯನ್ನು ಸರಾಸರಿಯಿಂದ ಭಾಗಿಸಿ ಶೇಕಡಾ ರೂಪದಲ್ಲಿ ಹೇಳುವುದು ವಾಡಿಕೆ. ಇದೇ ವಿಚಲನಾ ಗುಣಾಂಕ. ಭಾರತದ ಒಟ್ಟು ಮುಂಗಾರು ಮಳೆಯ ದೀರ್ಘಾವಧಿ ಸರಾಸರಿ, 1971ರಿಂದ 2020ರವರೆಗಿನ ದಾಖಲೆಯಂತೆ, 87 ಸೆಂಟಿಮೀಟರು. ಅದರ ವಿಚಲನಾ ಗುಣಾಂಕ ನೂರಕ್ಕೆ ಸುಮಾರು ಹತ್ತು. ಹವಾಮಾನ ಇಲಾಖೆಯು ಸರಾಸರಿಯ 90 ಶೇಕಡಕ್ಕಿಂತ ಕಡಿಮೆಯಾದ ವರ್ಷವನ್ನು ಕೊರತೆಯ ವರ್ಷವೆಂದು ಎಣಿಸುವುದರಲ್ಲಿ ಈ ಹತ್ತರ ನೆರಳನ್ನು ಕಾಣಬಹುದು. 2009ರಲ್ಲಿ ಸರಾಸರಿಯ 78 ಶೇಕಡ ಮಾತ್ರ ಮಳೆ ಬಂದಾಗ, ಅದು ಕೇಂದ್ರದಿಂದ ಎರಡು ಮಾನಕ ವಿಚಲನೆಗಳಿಗೂ ಮಿಕ್ಕ ದೂರ. 1877, 1918 ಮತ್ತು 1972ನೆಯ ವರ್ಷಗಳು ಇನ್ನೂ ಕೆಳಗಿದ್ದುವು. ಇಡೀ ದೇಶದ ಗುಣಾಂಕ ಇಷ್ಟು ಚಿಕ್ಕದಾಗಿರುವುದಕ್ಕೆ ಮುಖ್ಯ ಕಾರಣ, ಒಂದು ಪ್ರಾಂತದ ಕೊರತೆಯನ್ನು ಇನ್ನೊಂದು ಪ್ರಾಂತದ ಹೆಚ್ಚಳ ಮುಚ್ಚಿಕೊಳ್ಳುವುದು. ಜಿಲ್ಲೆಯ ಮಟ್ಟಕ್ಕೆ ಇಳಿದರೆ ಗುಣಾಂಕ ಬೆಳೆಯುತ್ತದೆ. ಸ್ಥೂಲವಾಗಿ ಹೇಳುವುದಾದರೆ ಕರಾವಳಿಯಂಥ ಮಳೆ ಹೆಚ್ಚಿರುವ ಸೀಮೆಯಲ್ಲಿ ಅದು ಕಡಿಮೆ, ಉತ್ತರದ ಒಳನಾಡಿನಂಥ ಮಳೆ ಕಡಿಮೆಯಿರುವ ಸೀಮೆಯಲ್ಲಿ ಅದು ಹೆಚ್ಚು. ನೀರಿನ ಬಡತನವುಳ್ಳ ನಾಡಿಗೆ ಅನಿಶ್ಚಯದ ಹೊರೆಯೂ ಹೆಚ್ಚಾಗಿಯೇ ಬಂದಿದೆ.

ಈ ಗುಣಾಂಕವನ್ನು ಎಲ್ಲೆಂದರಲ್ಲಿ ಬಳಸಕೂಡದು. ಸೊನ್ನೆಯೆಂಬುದು ನಿಜವಾದ ಅಭಾವವನ್ನು ಸೂಚಿಸುವಲ್ಲಿ ಮಾತ್ರ ಅದಕ್ಕೆ ಅರ್ಥ. ಸೆಲ್ಸಿಯಸ್ ಮಾನದ ಸೊನ್ನೆ ನೀರು ಹೆಪ್ಪುಗಟ್ಟುವ ಸ್ಥಾನವೇ ಹೊರತು ಉಷ್ಣದ ಅಭಾವವಲ್ಲ; ಅದೇ ಉಷ್ಣತೆಗಳನ್ನು ಫ್ಯಾರನ್‌ಹೀಟ್ ಮಾನಕ್ಕೆ ಬದಲಿಸಿದರೆ ಗುಣಾಂಕವೂ ಬದಲಾಗುತ್ತದೆ. ಹೀಗಿದ್ದೂ ಉಷ್ಣತೆಯ ವಿಚಲನಾ ಗುಣಾಂಕವನ್ನು ಕೊಡುವ ಕೋಷ್ಟಕಗಳು ಆಗಾಗ ಕಣ್ಣಿಗೆ ಬೀಳುತ್ತವೆ.

ಮಾನಕ ವಿಚಲನೆ ತಿಳಿದಮೇಲೆ ಅದರಿಂದ ಏನನ್ನು ಹೇಳಬಹುದು? ವಿತರಣೆಯು ಪ್ರಸಾಮಾನ್ಯವಾಗಿದ್ದರೆ, ಸರಾಸರಿಯ ಎರಡು ಪಕ್ಕಗಳಲ್ಲಿ ಒಂದು ಮಾನಕ ವಿಚಲನೆಯೊಳಗೆ ನೂರಕ್ಕೆ 68, ಎರಡರೊಳಗೆ 95, ಮೂರರೊಳಗೆ 99.7 ಬೆಲೆಗಳು ಇರುತ್ತವೆ. ವಿತರಣೆ ಹೇಗಿದ್ದರೂ ಸರಿಯೆಂದರೆ, ಬಿಯನೆಮೆ 1853ರಲ್ಲಿ ಕಂಡು ಚೆಬಿಷೆಫ್ 1867ರಲ್ಲಿ ಪ್ರಸಿದ್ಧಿಗೆ ತಂದ ಅಸಮತೆಯೊಂದಿದೆ: ಎರಡು ಮಾನಕ ವಿಚಲನೆಗಳೊಳಗೆ ಕನಿಷ್ಠ ಪಕ್ಷ 75, ಮೂರರೊಳಗೆ ಕನಿಷ್ಠ ಪಕ್ಷ 88.8 ಶೇಕಡ ಬೆಲೆಗಳು ಇದ್ದೇ ತೀರಬೇಕು. 95ಕ್ಕೂ 75ಕ್ಕೂ ನಡುವೆ ಇರುವ ಅಂತರವು, ಪ್ರಸಾಮಾನ್ಯವೆಂಬ ಊಹೆಗೆ ನಾವು ತೆರುವ ಬೆಲೆ ಎಷ್ಟೆಂಬುದನ್ನು ತೋರಿಸುತ್ತದೆ.

ಚೆದರಿಕೆಯನ್ನು ಅಳತೆಗೋಲಾಗಿ ಮಾಡಿಕೊಂಡು ಮುಂದುವರಿದ ಎರಡು ಮಹತ್ಕಾರ್ಯಗಳು ನಮ್ಮ ದೇಶದಲ್ಲಿ ನಡೆದುವು. ಕೋಲ್ಕತದಲ್ಲಿ 1931ರಲ್ಲಿ ಭಾರತೀಯ ಸಂಖ್ಯಾಶಾಸ್ತ್ರ ಸಂಸ್ಥೆಯನ್ನು ಸ್ಥಾಪಿಸಿದ ಪ್ರಶಾಂತಚಂದ್ರ ಮಹಲನೋಬಿಸರು 1936ರಲ್ಲಿ ಎರಡು ಸಮೂಹಗಳ ನಡುವಣ ದೂರವನ್ನು ಅವುಗಳ ಚೆದರಿಕೆಯ ಏಕಮಾನದಲ್ಲಿಯೇ ಅಳೆಯುವ ಕ್ರಮವನ್ನು ಮುಂದಿಟ್ಟರು. ಎತ್ತರ, ತಲೆಯ ಅಗಲ ಮುಂತಾದ ಹಲವು ಅಳತೆಗಳು ಒಂದನ್ನೊಂದು ಅನುಸರಿಸಿ ಏರಿಳಿಯುವುದನ್ನೂ ಅದು ಗಣನೆಗೆ ತೆಗೆದುಕೊಳ್ಳುತ್ತದೆ. ಅದೇ ಸಂಸ್ಥೆಯಲ್ಲಿ ದುಡಿದ, ಹೂವಿನ ಹಡಗಲಿಯಲ್ಲಿ 1920ರಲ್ಲಿ ಜನಿಸಿದ ಸಿ. ಆರ್. ರಾವ್ ಅವರು 1945ರಲ್ಲಿ, ಇನ್ನೂ ಇಪ್ಪತ್ತೈದರ ಹರೆಯದಲ್ಲಿ, ಪಕ್ಷಪಾತವಿಲ್ಲದ ಯಾವ ಅಂದಾಜಿನ ವರ್ಗಮಾಧ್ಯವೂ ಒಂದು ಮಿತಿಗಿಂತ ಕೆಳಗಿಳಿಯಲಾರದೆಂದು ತೋರಿಸಿದರು. ಹೆರಾಲ್ಡ್ ಕ್ರಾಮೇರನ ಹೆಸರನ್ನೂ ಕೂಡಿಸಿಕೊಂಡು ಈ ಮಿತಿ ಇಂದು ಜಗತ್ತಿನ ಪಾಠಪುಸ್ತಕಗಳಲ್ಲೆಲ್ಲ ಇದೆ. ನೂರೆರಡು ವರ್ಷ ಬಾಳಿದ ರಾವ್ ಅವರು 2023ರಲ್ಲಿ ನಿಧನರಾದರು.

ಕಡೆಯದಾಗಿ, ಸಂಶೋಧನ ಪ್ರಬಂಧಗಳ ಕೋಷ್ಟಕಗಳಲ್ಲಿ ಮೇಲಿಂದ ಮೇಲೆ ಕಾಣಬರುವ ಒಂದು ಅಸ್ಪಷ್ಟತೆಯನ್ನು ಹೆಸರಿಸಬೇಕು. ಸರಾಸರಿಯ ಮುಂದೆ ಅಧಿಕ-ಋಣ ಚಿಹ್ನೆಯನ್ನು ಹಾಕಿ ಇನ್ನೊಂದು ಸಂಖ್ಯೆಯನ್ನು ಬರೆಯುವ ಪದ್ಧತಿಯಿದೆಯಷ್ಟೆ. ಆ ಎರಡನೆಯ ಸಂಖ್ಯೆ ಮಾನಕ ವಿಚಲನೆಯೋ ಮಾನಕ ದೋಷವೋ ಎಂಬುದನ್ನು ಅನೇಕರು ತಿಳಿಸುವುದಿಲ್ಲ. ಮಾನಕ ದೋಷವೆಂದರೆ, ಮಾನಕ ವಿಚಲನೆಯನ್ನು ಅಳತೆಗಳ ಸಂಖ್ಯೆಯ ವರ್ಗಮೂಲದಿಂದ ಭಾಗಿಸಿದುದು. ಅದು ಸರಾಸರಿಯು ಎಷ್ಟು ನಂಬತಕ್ಕದ್ದು ಎಂಬುದನ್ನು ಹೇಳುತ್ತದೆಯೇ ವಿನಾ ಬಿಡಿ ಬೆಲೆಗಳು ಎಷ್ಟು ಚೆದರಿವೆ ಎಂಬುದನ್ನಲ್ಲ. ನಮ್ಮ ಎರಡನೆಯ ಊರಿನ ಮಳೆಯನ್ನೇ ತೆಗೆದುಕೊಂಡರೆ, ನಾಲ್ಕರಿಂದ ಭಾಗಿಸಿ ಪಡೆದ ಮಾನಕ ವಿಚಲನೆ 23.7, ಮಾನಕ ದೋಷ 10.6. ಕೋಷ್ಟಕದಲ್ಲಿ ‘60 ± 10.6’ ಎಂದು ಓದಿದವನು, ಆ ಊರಿನ ಮಳೆ ಬಹುತೇಕ 50ಕ್ಕೂ 70ಕ್ಕೂ ನಡುವೆ ಇರುವುದೆಂದು ತಿಳಿದು ಬೆಳೆಗೆ ಭಯವಿಲ್ಲವೆಂದುಕೊಳ್ಳಬಹುದು. ಐದು ವರ್ಷಗಳಲ್ಲಿ ಆ ಎಲ್ಲೆಯೊಳಗೆ ಬಂದುದು ಒಂದೇ ವರ್ಷ. ಅಳತೆಗಳ ಸಂಖ್ಯೆಯನ್ನು ಹೆಚ್ಚಿಸುತ್ತಾ ಹೋದರೆ ಮಾನಕ ದೋಷವನ್ನು ಬೇಕಾದಷ್ಟು ಕುಗ್ಗಿಸಬಹುದು. ನೂರು ವರ್ಷಗಳ ದಾಖಲೆಯಿದ್ದರೆ ಅದು 2.4ರ ಸಮೀಪಕ್ಕೆ ಬಂದೀತು. ಆದರೆ ಮಾನಕ ವಿಚಲನೆಯು 23.7ರ ಆಸುಪಾಸಿನಲ್ಲಿಯೇ ಉಳಿಯುತ್ತದೆ, ಏಕೆಂದರೆ ಅದು ನಮ್ಮ ಅಜ್ಞಾನದ ಅಳತೆಯಲ್ಲ, ಆ ಊರಿನ ಮಳೆಯ ಸ್ವಭಾವದ ಅಳತೆ. ಆದುದರಿಂದ ಕೋಷ್ಟಕದ ತಲೆಬರಹದಲ್ಲಿ ಅದು ಯಾವ ಮಾನವೆಂಬುದನ್ನೂ, ಅಳತೆಗಳ ಸಂಖ್ಯೆ ಎಷ್ಟೆಂಬುದನ್ನೂ ನಮೂದಿಸಿದರೆ ಸಾಕು. ಬೇಕಾದುದನ್ನು ಓದುಗನು ತಾನೇ ಲೆಕ್ಕ ಹಾಕಿಕೊಳ್ಳುವನು.